ಜಪ್ತಿಯಾದ ಟ್ರ್ಯಾಕ್ಟರು, ದಾವೆಯಲ್ಲಿಲ್ಲದ ನದಿ

(ಗ್ರಾಮಸ್ಥರು ಮತ್ತು ವಿದ್ಯಾರ್ಥಿಗಳ ಸಭೆಯಲ್ಲಿ ನೀಡಿದ ಉಪನ್ಯಾಸದ ಬರಹರೂಪ)



ನದಿ ಹರಿಯುವ ಯಾವುದೇ ತಾಲ್ಲೂಕಿನ ಪೊಲೀಸ್ ಠಾಣೆಯ ಹಿಂಬದಿಗೆ ಹೋಗಿ ನೋಡಿದರೆ ಒಂದು ದೃಶ್ಯ ತಪ್ಪದೆ ಕಾಣುತ್ತದೆ. ಗಾಳಿ ಇಳಿದ ಗಾಲಿಗಳ ಮೇಲೆ ನಿಂತ ಟ್ರ್ಯಾಕ್ಟರು, ತುಕ್ಕು ಹಿಡಿದ ಟ್ರೇಲರು, ಬ್ಯಾಟರಿ ಕಳಚಿಹೋದ ಟಿಪ್ಪರು. ಕೆಲವು ಟ್ರೇಲರುಗಳಲ್ಲಿ ತಂದ ಮರಳು ಹಾಗೆಯೇ ಉಳಿದು ಅದರ ಮೇಲೆ ಹುಲ್ಲು ಹುಟ್ಟಿರುತ್ತದೆ. ಹಾನಗಲ್ಲು, ಶಿಗ್ಗಾವಿ, ಸವಣೂರು, ಹಿರೇಕೆರೂರು ಸೀಮೆಯವರಿಗೆ ಈ ನೋಟ ಹೊಸದಲ್ಲ. ಆ ವಾಹನದ ಒಡೆಯ ನ್ಯಾಯಾಲಯಕ್ಕೆ ಅಲೆಯುತ್ತಾನೆ. ಸಾಲ ಕೊಟ್ಟ ಸಂಸ್ಥೆ ಕಂತಿಗಾಗಿ ಬಾಗಿಲು ತಟ್ಟುತ್ತದೆ. ಸರ್ಕಾರಿ ವಕೀಲರು ಬಿಡುಗಡೆಗೆ ಆಕ್ಷೇಪ ಸಲ್ಲಿಸುತ್ತಾರೆ. ಇವರೆಲ್ಲರ ಹೆಸರೂ ಕಡತದಲ್ಲಿರುತ್ತದೆ. ಆದರೆ ಮರಳನ್ನು ಕಳೆದುಕೊಂಡ ನದಿಯ ಸ್ಥಿತಿಯೇನು ಎಂಬ ಪ್ರಶ್ನೆ ಆ ಕಡತದ ಯಾವ ಪುಟದಲ್ಲಿಯೂ ಬರುವುದಿಲ್ಲ. ಇಂದಿನ ಮಾತು ಆ ಕಾಣೆಯಾದ ಪುಟವನ್ನು ಕುರಿತದ್ದು.

ಬಯಲಿನ ತಾಲ್ಲೂಕುಗಳ ಮರಳಿನ ಮಾತು ಮಲೆನಾಡಿನವರಿಗೇಕೆ ಎಂದು ಯಾರಾದರೂ ಕೇಳಬಹುದು. ವರದಾ ನದಿ ಹುಟ್ಟುವುದು ಸಾಗರ ತಾಲ್ಲೂಕಿನ ಇಕ್ಕೇರಿ ಬಳಿಯ ವರದಾಮೂಲದಲ್ಲಿ. ಸೊರಬ, ಬನವಾಸಿಗಳನ್ನು ದಾಟಿ ಅದು ಹಾನಗಲ್ಲು ಸೀಮೆಗೆ ಇಳಿಯುತ್ತದೆ; ಕೂಡಲದಲ್ಲಿ ಧರ್ಮಾ ನದಿಯನ್ನು ಕೂಡಿಕೊಂಡು, ಸವಣೂರಿನ ಕಡೆಗೆ ಸಾಗಿ, ಕೊನೆಗೆ ಗಳಗನಾಥದಲ್ಲಿ ತುಂಗಭದ್ರೆಯನ್ನು ಸೇರುತ್ತದೆ. ಶಿಗ್ಗಾವಿ ಸೀಮೆಗೂ ಏತ ನೀರಾವರಿಯ ಮೂಲಕ ಎತ್ತುವುದು ಇದೇ ವರದೆಯ ನೀರನ್ನು. ಇನ್ನು ಹಿರೇಕೆರೂರಿನ ಕುಮುದ್ವತಿ ಹುಟ್ಟುವುದು ಹೊಸನಗರ ತಾಲ್ಲೂಕಿನ ಹುಂಚದ ಬಳಿಯ ಬಿಲ್ಲೇಶ್ವರದಲ್ಲಿ. ಶಿಕಾರಿಪುರದ ಮೇಲೆ ಹರಿದು ಮಾಸೂರಿನ ಮದಗದ ಕೆರೆಗೆ ನೀರುಣಿಸುವುದು ಅದೇ. ಹೀಗೆ ಈ ನಾಲ್ಕು ತಾಲ್ಲೂಕುಗಳ ನದಿಪಾತ್ರದಲ್ಲಿ ಬಿದ್ದಿರುವ ಮರಳು ಮಲೆನಾಡಿನ ಬೆಟ್ಟದ ಕಲ್ಲು ಶತಮಾನಗಳ ಕಾಲ ಸವೆದು, ಮಳೆಗಾಲದ ಪ್ರವಾಹದಲ್ಲಿ ಉರುಳಿಬಂದ ಆಸ್ತಿ. ಊರಿನವರ ಬಾಯಲ್ಲಿ ಅದು ಮರಳಲ್ಲ, ಉಸುಕು. ಘಟ್ಟದ ಕೆಳಗೆ ಹೊಯ್ಗೆ. ಹೆಸರು ಏನೇ ಇರಲಿ, ಮೇಲಿನಿಂದ ಬರುವ ವೇಗಕ್ಕಿಂತ ಕೆಳಗೆ ತೋಡುವ ವೇಗ ಎಷ್ಟೋ ಪಾಲು ಹೆಚ್ಚಾಗಿದೆ ಎಂಬುದೇ ಇಡೀ ಸಮಸ್ಯೆಯ ಬುಡ.

ಮರಳನ್ನು ಕಟ್ಟಡದ ಸಾಮಗ್ರಿಯೆಂದು ನೋಡುವ ಕಣ್ಣಿಗೆ ಅದರ ಇನ್ನೊಂದು ಕೆಲಸ ಕಾಣುವುದಿಲ್ಲ. ವರದೆಯಂಥ ನದಿ ಬೇಸಗೆಯಲ್ಲಿ ಮೇಲೆ ಬತ್ತಿದಂತೆ ಕಂಡರೂ ಉಸುಕಿನೊಳಗೆ ನೀರು ಇರುತ್ತದೆ. ದಪ್ಪ ಕಣದ ಮರಳು ನೀರಿನಿಂದ ತುಂಬಿದಾಗ ತನ್ನ ಗಾತ್ರದ ಸುಮಾರು ಕಾಲು ಭಾಗದಷ್ಟು ನೀರನ್ನು ಬಿಟ್ಟುಕೊಡಬಲ್ಲದು. ಉತ್ತರ ಕರ್ನಾಟಕದಲ್ಲಿ ಮರಳನ್ನು ಅಳೆಯುವ ಒಂದು ಬ್ರಾಸ್ ಎಂದರೆ 100 ಘನ ಅಡಿ, ಅಂದರೆ 2.8 ಘನ ಮೀಟರಿಗೆ ತುಸು ಹೆಚ್ಚು. ಒಂದು ಟ್ರ್ಯಾಕ್ಟರ್ ಟ್ರೇಲರಿನ ಹೊರೆ ಹೆಚ್ಚುಕಡಿಮೆ ಇಷ್ಟೇ. ಇದರ ಕಾಲು ಭಾಗವೆಂದರೆ 700 ಲೀಟರು. ಜಲಜೀವನ ಮಿಷನ್ ಒಬ್ಬ ವ್ಯಕ್ತಿಗೆ ದಿನಕ್ಕೆ ನಿಗದಿ ಮಾಡಿದ್ದು 55 ಲೀಟರು. ಅಂದಮೇಲೆ ಒಂದು ಟ್ರೇಲರು ಉಸುಕು ಹೋದರೆ ಹನ್ನೆರಡು ಮಂದಿಯ ಒಂದು ದಿನದ ನೀರನ್ನು ಹಿಡಿದಿಡುವ ಪಾತ್ರೆ ಒಡೆದಂತೆ. ಆ ನೀರು ಒಮ್ಮೆ ಮಾತ್ರ ಹೋಗುವುದಲ್ಲ; ಪ್ರತಿ ಮಳೆಗಾಲದಲ್ಲಿ ಮತ್ತೆ ತುಂಬಬೇಕಾಗಿದ್ದ ಪಾತ್ರೆಯೇ ಇಲ್ಲವಾಗುತ್ತದೆ. ರಾತ್ರಿಗೆ ಇಪ್ಪತ್ತು ಟ್ರೇಲರುಗಳಂತೆ ನೂರು ರಾತ್ರಿ ತೋಡಿದರೆಂದು ಲೆಕ್ಕ ಹಾಕಿ: 2,000 ಟ್ರೇಲರು, 14 ಲಕ್ಷ ಲೀಟರು. ಇದು ಸಮೀಕ್ಷೆಯ ಅಂಕಿಯಲ್ಲ, ವಿದ್ಯಾರ್ಥಿಗಳು ಪಾಟಿಯ ಮೇಲೆ ಮಾಡಬಹುದಾದ ಗುಣಾಕಾರ.

ನದಿಯ ತಳ ಒಂದು ಮೀಟರು ಇಳಿದರೆ ದಡದ ಬಾವಿಗಳ ನೀರು ಅದನ್ನು ಹಿಂಬಾಲಿಸುತ್ತದೆ. ಗೋವಿನಜೋಳಕ್ಕೆ, ಹತ್ತಿಗೆ, ಸವಣೂರಿನ ವೀಳ್ಯದೆಲೆ ತೋಟಕ್ಕೆ ಬೇಸಗೆಯ ಕೊನೆಯ ನೀರು ಎರಡು ವಾರ ಮೊದಲೇ ನಿಂತುಹೋದರೆ ರೈತ ಬೋರಿನ ಆಳ ಹೆಚ್ಚಿಸುತ್ತಾನೆ. ಕಾರಣವನ್ನು ಮಳೆಯ ಮೇಲೆ ಹಾಕುತ್ತಾನೆ. ಬುಡ ಕಳೆದುಕೊಂಡ ದಡ ನೆರೆ ಬಂದಾಗ ಕುಸಿಯುತ್ತದೆ. 2019ರ ಆಗಸ್ಟಿನಲ್ಲಿ ವರದೆ, ಧರ್ಮೆಗಳು ಉಕ್ಕಿದಾಗ ಈ ಸೀಮೆಯ ಹೊಲಗಳು ಮುಳುಗಿದವು. ಅದಕ್ಕೆ ಮರಳುಗಾರಿಕೆಯೇ ಕಾರಣವೆಂದು ಹೇಳುವುದು ಅವಿವೇಕವಾದೀತು; ಆ ವರ್ಷ ಮಳೆಯೇ ಅಷ್ಟಿತ್ತು. ಆದರೆ ತೋಡಿದ ಕಡೆಯಲ್ಲಿ ದಡ ಮೊದಲು ಬಿಚ್ಚಿಕೊಳ್ಳುತ್ತದೆ ಎಂಬುದರಲ್ಲಿ ಸಂದೇಹವಿಲ್ಲ.

ಇನ್ನು ಕಾನೂನಿನ ಕಡೆಗೆ ಬರೋಣ. ಮರಳು 'ಉಪ ಖನಿಜ'. 1957ರ ಗಣಿ ಮತ್ತು ಖನಿಜ (ಅಭಿವೃದ್ಧಿ ಮತ್ತು ನಿಯಂತ್ರಣ) ಅಧಿನಿಯಮ ಉಪ ಖನಿಜಗಳ ನಿಯಮ ಮಾಡುವ ಅಧಿಕಾರವನ್ನು ರಾಜ್ಯಗಳಿಗೆ ಬಿಟ್ಟಿದೆ. ಅದರಂತೆ ಕರ್ನಾಟಕದಲ್ಲಿ 1994ರ ಉಪ ಖನಿಜ ರಿಯಾಯಿತಿ ನಿಯಮಾವಳಿ ಇದೆ. ಪರವಾನಗಿಯಿಲ್ಲದೆ ಖನಿಜವನ್ನು ಸಾಗಿಸುವುದು, ಸಂಗ್ರಹಿಸುವುದು ಕೂಡ ಅಪರಾಧವೆಂದು 1999ರ ತಿದ್ದುಪಡಿ ಸೇರಿಸಿತು. ಅದುವರೆಗೆ ತೋಡುವವನ ಮೇಲಿದ್ದ ಕಾನೂನಿನ ಕಣ್ಣು ಅಲ್ಲಿಂದ ರಸ್ತೆಯ ಮೇಲಿನ ವಾಹನಕ್ಕೂ ತಿರುಗಿತು. 21ನೆಯ ಕಲಮಿನಡಿ ಅಧಿಕಾರ ಪಡೆದ ಅಧಿಕಾರಿ ವಾಹನವನ್ನು ಜಪ್ತಿ ಮಾಡಬಹುದು; ಅದನ್ನು ಶಾಶ್ವತವಾಗಿ ಸರ್ಕಾರಕ್ಕೆ ಮುಟ್ಟುಗೋಲು ಹಾಕುವ ಅಧಿಕಾರ ಮಾತ್ರ ನ್ಯಾಯಾಲಯದ್ದು. ಜಪ್ತಿ ಬೇರೆ, ಮುಟ್ಟುಗೋಲು ಬೇರೆ. ಈ ಎರಡರ ನಡುವೆ ಹೋಗುವ ತಿಂಗಳುಗಳಲ್ಲಿ, ಕೆಲವೊಮ್ಮೆ ವರ್ಷಗಳಲ್ಲಿ, ಎಲ್ಲ ವ್ಯಾಜ್ಯವೂ ಹುಟ್ಟುತ್ತದೆ.

ಒಂದು ಉದಾಹರಣೆಯನ್ನು ಕಲ್ಪಿಸಿಕೊಳ್ಳಿ. ಹಾನಗಲ್ಲು ಸೀಮೆಯ ರೈತನೊಬ್ಬನ ಟ್ರ್ಯಾಕ್ಟರು ನಸುಕಿನಲ್ಲಿ ಒಂದು ಬ್ರಾಸ್ ಉಸುಕಿನೊಂದಿಗೆ ಸಿಕ್ಕಿಬೀಳುತ್ತದೆ. ಓಡಿಸುತ್ತಿದ್ದವನು ಕೂಲಿಯ ಚಾಲಕ. ಒಡೆಯನಿಗೆ ಬಾಡಿಗೆ ಬಂದೀತು ಎಂಬಷ್ಟೇ ಗೊತ್ತು, ಅಥವಾ ಗೊತ್ತಿಲ್ಲವೆಂದು ಹೇಳುತ್ತಾನೆ. ಟ್ರ್ಯಾಕ್ಟರು ಸಾಲದ್ದು. ಪೊಲೀಸರು ಪಂಚನಾಮೆ ಬರೆದು ಠಾಣೆಗೆ ತಂದು ನಿಲ್ಲಿಸುತ್ತಾರೆ. ಗಣಿ ಅಧಿನಿಯಮದ ಕಲಮುಗಳ ಜೊತೆಗೆ ಕಳವಿನ ಕಲಮನ್ನೂ ಸೇರಿಸುತ್ತಾರೆ. ಇಲ್ಲಿಂದ ಮುಂದೆ ವಕೀಲರು ಎತ್ತುವ ಮೊದಲ ಪ್ರಶ್ನೆ ಮರಳಿನದ್ದಲ್ಲ, ದೂರು ಕೊಟ್ಟವರು ಯಾರು ಎಂಬುದು.

ಏಕೆಂದರೆ ಅಧಿನಿಯಮದ 22ನೆಯ ಕಲಮಿನ ಪ್ರಕಾರ, ಅಧಿಕಾರ ಹೊಂದಿದ ವ್ಯಕ್ತಿಯ ಲಿಖಿತ ದೂರಿಲ್ಲದೆ ನ್ಯಾಯಾಲಯ ಅಪರಾಧದ ವಿಚಾರಣೆಗೆ ತೊಡಗುವಂತಿಲ್ಲ. ಪೊಲೀಸರ ದೋಷಾರೋಪಣ ಪಟ್ಟಿ ಆ ದೂರಿಗೆ ಸಮವಲ್ಲ. ಠಾಣೆಯ ಅಧಿಕಾರಿ ತಾನೇ ಪ್ರಕರಣ ದಾಖಲಿಸಿ, ತಾನೇ ತನಿಖೆ ನಡೆಸಿ, ತಾನೇ ಪಟ್ಟಿ ಸಲ್ಲಿಸಿದ್ದರಿಂದಲೇ ಬಿದ್ದುಹೋದ ಮರಳು ಪ್ರಕರಣಗಳು ಈ ರಾಜ್ಯದಲ್ಲಿ ಕಡಿಮೆಯಿಲ್ಲ. ಹಿಂದೆ ಇಂಥ ಅರ್ಜಿ ಹಿಡಿದು ಹಾವೇರಿ ಜಿಲ್ಲೆಯವರು ಬೆಂಗಳೂರಿಗೆ ಹೋಗಬೇಕಿತ್ತು. 2008ರಲ್ಲಿ ಉಚ್ಚ ನ್ಯಾಯಾಲಯದ ಸಂಚಾರಿ ಪೀಠ ಧಾರವಾಡಕ್ಕೆ ಬಂದು 2013ರಲ್ಲಿ ಕಾಯಂ ಆದ ಮೇಲೆ ದಾರಿ ಹತ್ತಿರವಾಯಿತು. ನ್ಯಾಯ ಜನರ ಸಮೀಪಕ್ಕೆ ಬಂದದ್ದು ಸಂತೋಷವೇ. ಅದರ ಉಪಯೋಗ ಟ್ರ್ಯಾಕ್ಟರಿನ ಒಡೆಯನಿಗೂ ಆಯಿತು, ಟಿಪ್ಪರುಗಳ ಸಾಲನ್ನೇ ಇಟ್ಟುಕೊಂಡವನಿಗೂ ಆಯಿತು.

ಹಾಗಾದರೆ ಪೊಲೀಸರ ಕೈ ಕಟ್ಟಿಹೋಯಿತೇ? ಇಲ್ಲವೆಂದು ಸರ್ವೋಚ್ಚ ನ್ಯಾಯಾಲಯ 2014ರ ಸೆಪ್ಟೆಂಬರಿನಲ್ಲಿ, ದೆಹಲಿ ರಾಜ್ಯ ಮತ್ತು ಸಂಜಯ್ ಎಂಬ ಪ್ರಕರಣದಲ್ಲಿ ಹೇಳಿತು. ನದಿಯ ಒಡಲಿನ ಮರಳು ಸರ್ಕಾರದ ಸ್ವತ್ತು. ಅನುಮತಿಯಿಲ್ಲದೆ ಅದನ್ನು ಒಯ್ಯುವುದು ದಂಡ ಸಂಹಿತೆಯ ಕಳವು. ಅದು ಗಣಿ ಅಧಿನಿಯಮದ ಅಪರಾಧಕ್ಕಿಂತ ಬೇರೆಯಾದದ್ದು. ಆದ್ದರಿಂದ ಕಳವಿಗಾಗಿ ಪೊಲೀಸರು ನೇರವಾಗಿ ಮುಂದುವರಿಯಬಹುದು ಎಂಬುದು ಆ ತೀರ್ಪಿನ ಸಾರ. 2020ರ ಡಿಸೆಂಬರಿನಲ್ಲಿ ಮಧ್ಯಪ್ರದೇಶದ ಜಯಂತ್ ಪ್ರಕರಣದಲ್ಲಿ ಅದೇ ನ್ಯಾಯಾಲಯ ಇನ್ನೊಂದು ಗಂಟನ್ನು ಬಿಡಿಸಿತು. ಅಲ್ಲಿ ವಾಹನದವರು ಇಲಾಖೆಗೆ ರಾಜಿ ದಂಡ ಕಟ್ಟಿ ಬಿಡಿಸಿಕೊಂಡಿದ್ದರು. ಹಾಗೆ ರಾಜಿಯಾದ ಮೇಲೆ ಗಣಿ ಅಧಿನಿಯಮದ ಮೊಕದ್ದಮೆ ನಿಲ್ಲುವುದಿಲ್ಲ, ಆದರೆ ಕಳವಿನ ಮೊಕದ್ದಮೆಗೆ ಆ ರಾಜಿ ಅಡ್ಡಬರುವುದಿಲ್ಲ ಎಂದಿತು. ಮಲೆನಾಡಿನ ಮಾತಿನಲ್ಲಿ ಹೇಳುವುದಾದರೆ, ತೋಟದ ಬೇಲಿ ಮುರಿದದ್ದಕ್ಕೆ ದಂಡ ತೆತ್ತವನು ಅಡಿಕೆ ಕದ್ದದ್ದಕ್ಕೂ ಉತ್ತರ ಕೊಡಬೇಕು. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಬಂದಿದ್ದರೂ ಕಲಮಿನ ಸಂಖ್ಯೆ ಬದಲಾಗಿದೆಯೇ ಹೊರತು ಕಳವು ಕಳವಾಗಿಯೇ ಉಳಿದಿದೆ.

ತೀರ್ಪು ಸ್ಪಷ್ಟವಿದೆ. ತೊಡಕಿರುವುದು ಸಾಕ್ಷ್ಯದಲ್ಲಿ. ಕಳವು ಸಿದ್ಧವಾಗಬೇಕಾದರೆ ಈ ಟ್ರೇಲರಿನ ಮರಳು ಆ ನದಿಯದ್ದೇ ಎಂದು ತೋರಿಸಬೇಕು. ರಸ್ತೆಯಲ್ಲಿ ಹಿಡಿದ ವಾಹನದ ಪಂಚನಾಮೆಯಲ್ಲಿ 'ಒಂದು ಟ್ರೇಲರು ಮರಳು' ಎಂಬ ಮೂರು ಪದಗಳಿಗಿಂತ ಹೆಚ್ಚಿಲ್ಲದಿದ್ದರೆ, ಅದು ಪಟ್ಟಾ ಜಮೀನಿನದ್ದು, ಹಳ್ಳದ್ದು, ಯಾರದೋ ಮನೆ ಮುಂದೆ ಉಳಿದದ್ದು ಎಂದು ಹೇಳಲು ಆರೋಪಿಗೆ ಕಷ್ಟವಿಲ್ಲ. ಪಂಚರಾಗಿ ಸಹಿ ಹಾಕಿದವರು ಅದೇ ಊರಿನವರು. ವಿಚಾರಣೆಯ ದಿನ ಅವರಿಗೆ ಏನೂ ನೆನಪಿರುವುದಿಲ್ಲ. ಅವರನ್ನು ದೂರುವುದು ಸುಲಭ. ನಾಳೆ ಬಿತ್ತನೆಗೆ ಅದೇ ಟ್ರ್ಯಾಕ್ಟರನ್ನು ಬಾಡಿಗೆಗೆ ಕೇಳಬೇಕಾದವರು ಅವರು.

ಎರಡನೆಯ ದೊಡ್ಡ ವ್ಯಾಜ್ಯ, ವಿಚಾರಣೆ ಮುಗಿಯುವವರೆಗೆ ವಾಹನ ಎಲ್ಲಿರಬೇಕು ಎಂಬುದು. ಇಲ್ಲಿ ಎರಡು ದಾರಿಗಳಿವೆ, ಎರಡೂ ಸರ್ವೋಚ್ಚ ನ್ಯಾಯಾಲಯದವೇ. ಅರಣ್ಯದ ಪ್ರಕರಣಗಳನ್ನು ಕಂಡ ಮಲೆನಾಡಿನವರಿಗೆ ಮೊದಲನೆಯದು ಪರಿಚಿತ. ಕಳ್ಳ ನಾಟಾ ಸಾಗಿಸಿದ ಲಾರಿಯನ್ನು ಕರ್ನಾಟಕ ಅರಣ್ಯ ಅಧಿನಿಯಮದಡಿ ಇಲಾಖೆಯ ಅಧಿಕಾರಿಯೇ ಮುಟ್ಟುಗೋಲು ಹಾಕಬಲ್ಲ. 2000ದಲ್ಲಿ ಕರ್ನಾಟಕ ರಾಜ್ಯ ಮತ್ತು ಕೆ. ಕೃಷ್ಣನ್ ಪ್ರಕರಣದಲ್ಲಿ, ಅಂಥ ವಾಹನವನ್ನು ಸಾಮಾನ್ಯವಾಗಿ ಬಿಡಲೇಬಾರದು, ಬಿಡುವುದಾದರೆ ಕನಿಷ್ಠ ಬ್ಯಾಂಕ್ ಖಾತರಿಯನ್ನಾದರೂ ಪಡೆಯಬೇಕು ಎಂದು ನ್ಯಾಯಾಲಯ ಬಿಗಿಯಾಗಿ ಹೇಳಿತು. ಎರಡು ವರ್ಷಗಳ ನಂತರ, 2002ರಲ್ಲಿ, ಗುಜರಾತಿನ ಸುಂದರಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ ಸಾಮಾನ್ಯ ಅಪರಾಧಗಳ ವಾಹನಗಳ ಬಗ್ಗೆ ಬಂದ ಮಾತು ಇನ್ನೊಂದು ತೆರನಾದದ್ದು: ಠಾಣೆಯ ಅಂಗಳದಲ್ಲಿ ವಾಹನವನ್ನು ದೀರ್ಘಕಾಲ ಕೊಳೆಸುವುದರಿಂದ ಯಾರಿಗೂ ಲಾಭವಿಲ್ಲ, ಛಾಯಾಚಿತ್ರ ತೆಗೆದು, ಮುಚ್ಚಳಿಕೆ ಮತ್ತು ಭದ್ರತೆ ಬರೆಸಿಕೊಂಡು ಒಡೆಯನ ಸುಪರ್ದಿಗೆ ಕೊಡಬೇಕು. ಮರಳಿನ ವಾಹನ ಈ ಎರಡರಲ್ಲಿ ಯಾವ ದಾರಿಯಲ್ಲಿ ಹೋಗಬೇಕು? ಗಣಿ ಅಧಿನಿಯಮದಲ್ಲಿ ಅರಣ್ಯ ಕಾನೂನಿನಂತೆ ಇಲಾಖೆಯ ಅಧಿಕಾರಿಗೆ ಮುಟ್ಟುಗೋಲಿನ ಅಧಿಕಾರವಿಲ್ಲವಾದ್ದರಿಂದ, ಒಡೆಯರ ಪರ ವಕೀಲರು ಎತ್ತಿಹಿಡಿಯುವುದು ಎರಡನೆಯ ದಾರಿಯನ್ನು. ನ್ಯಾಯಾಲಯಗಳು ಬಹುಮಟ್ಟಿಗೆ ಷರತ್ತುಗಳೊಂದಿಗೆ ಅದನ್ನೇ ಒಪ್ಪುತ್ತವೆ.

ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಈ ಸಡಿಲಿಕೆಗೆ ತಡೆಯೊಡ್ಡಲು ಯತ್ನಿಸಿತು. 2019ರಲ್ಲಿ, ವಾಹನದ ಮಳಿಗೆ ಬೆಲೆಯ ಅರ್ಧ ಕಟ್ಟಿದರೆ ಮಾತ್ರ ಬಿಡುಗಡೆ ಎಂದಿತು. ಹಳೆಯ ವಾಹನಗಳಿಗೆ ಇದು ವಾಹನದ ಬೆಲೆಗಿಂತ ಹೆಚ್ಚಾಗುವುದೆಂಬ ಆಕ್ಷೇಪ ಬಂದು 2020ರಲ್ಲಿ ಅದನ್ನು ಬದಲಿಸಿತು: 25 ಲಕ್ಷಕ್ಕಿಂತ ಹೆಚ್ಚು ಬೆಲೆಯ, ಐದು ವರ್ಷದೊಳಗಿನ ವಾಹನಕ್ಕೆ 4 ಲಕ್ಷ, ಅದೇ ಬೆಲೆಯ, ಐದರಿಂದ ಹತ್ತು ವರ್ಷದ ವಾಹನಕ್ಕೆ 3 ಲಕ್ಷ, ಉಳಿದವಕ್ಕೆ 2 ಲಕ್ಷ. ಈ ತಕ್ಕಡಿಯನ್ನು ಒಮ್ಮೆ ನೋಡಿ. ಒಂದು ಬ್ರಾಸ್ ಹೊರುವ ಹಳೆಯ ಟ್ರ್ಯಾಕ್ಟರಿಗೆ 2 ಲಕ್ಷ. ಅದರ ಹಲವು ಪಟ್ಟು ಹೊರುವ ಹೊಚ್ಚಹೊಸ ಟಿಪ್ಪರಿಗೆ 4 ಲಕ್ಷ. ಮೊದಲನೆಯವನು ಹೊಲ ಅಡವಿಡಬೇಕು. ಎರಡನೆಯವನಿಗೆ ಅದು ವ್ಯಾಪಾರದ ಖರ್ಚು.

ಶಿಕ್ಷೆಯ ಅಳತೆಯೂ ಹೀಗೆಯೇ ವಿಚಿತ್ರ. 2015ರ ತಿದ್ದುಪಡಿಗೆ ಮುನ್ನ ಗರಿಷ್ಠ ಎರಡು ವರ್ಷ ಸೆರೆ, ಇಲ್ಲವೆ 25,000 ರೂಪಾಯಿ ದಂಡ ಇತ್ತು. ಈಗ ಐದು ವರ್ಷದವರೆಗೆ ಸೆರೆ, ಜೊತೆಗೆ ಹೆಕ್ಟೇರಿಗೆ ಐದು ಲಕ್ಷದವರೆಗೆ ದಂಡ. ಹೆಕ್ಟೇರಿಗೆ! ಬಳ್ಳಾರಿಯ ಅದಿರು ಗುಡ್ಡಕ್ಕೆ ಈ ಅಳತೆ ಸರಿ. ರಸ್ತೆಯ ಮೇಲೆ ಸಿಕ್ಕ ಒಂದು ಟ್ರೇಲರು ಉಸುಕು ಎಷ್ಟು ಹೆಕ್ಟೇರು? ಕಾನೂನು ಬರೆದವರ ಕಣ್ಣೆದುರು ಬೆಟ್ಟವಿತ್ತು, ಹರಿಯುವ ನದಿಯಿರಲಿಲ್ಲ. ಅದೇ ತಿದ್ದುಪಡಿ ವಿಶೇಷ ನ್ಯಾಯಾಲಯಗಳಿಗೂ ಅವಕಾಶ ಮಾಡಿತು. ಅದರಿಂದ ವಾಹನ ಬಿಡಿಸುವ ಅರ್ಜಿ ತಾಲ್ಲೂಕಿನ ದಂಡಾಧಿಕಾರಿಯ ಮುಂದೆಯೋ ಜಿಲ್ಲೆಯ ವಿಶೇಷ ನ್ಯಾಯಾಲಯದ ಮುಂದೆಯೋ ಎಂಬ ಹೊಸ ವಾದವೂ ಹುಟ್ಟಿಕೊಂಡಿತು.

ಇಷ್ಟೆಲ್ಲ ವಾದಗಳಲ್ಲಿ ಯಾರು ಬರುತ್ತಾರೆ, ಯಾರು ಬರುವುದಿಲ್ಲ ಎಂಬುದನ್ನು ಗಮನಿಸಬೇಕು. ಚಾಲಕ ಮೊದಲ ಆರೋಪಿ. ಒಡೆಯ ಎರಡನೆಯವನು. ಹಣಕಾಸು ಸಂಸ್ಥೆ ವಾಹನ ತನ್ನದೆನ್ನುತ್ತದೆ. ಮರಳನ್ನು ಕೊಂಡು ಮಹಡಿ ಕಟ್ಟಿದವನ ಹೆಸರು ಎಲ್ಲಿಯೂ ಇಲ್ಲ. ನೀರು ಕಳೆದುಕೊಂಡ ದಡದ ಊರು ದೂರುದಾರನಲ್ಲ, ಸಾಕ್ಷಿಯೂ ಅಲ್ಲ. ನದಿಗಳು ಸಾರ್ವಜನಿಕರ ನಂಬಿಕೆಯ ಆಸ್ತಿ, ಸರ್ಕಾರ ಅವುಗಳ ಧರ್ಮದರ್ಶಿ ಮಾತ್ರ ಎಂದು ಸರ್ವೋಚ್ಚ ನ್ಯಾಯಾಲಯ 1996ರಲ್ಲಿಯೇ ಕಮಲನಾಥ್ ಪ್ರಕರಣದಲ್ಲಿ ಹೇಳಿದೆ. ಸಂಜಯ್ ತೀರ್ಪು ಅದೇ ತತ್ತ್ವವನ್ನು ಮರಳಿಗೂ ಅನ್ವಯಿಸಿತು. ತತ್ತ್ವ ದೆಹಲಿಯಲ್ಲಿದೆ. ವರದೆಯ ದಡದ ಪಂಚನಾಮೆಗೆ ಅದು ಇಳಿದಿಲ್ಲ. ಮರಳಿನ ಬೆಲೆ, ರಾಜಧನ, ದಂಡ ಇವಿಷ್ಟೇ ಲೆಕ್ಕಕ್ಕೆ ಬರುತ್ತವೆ. ಕಳೆದುಹೋದ 700 ಲೀಟರಿನ ಪಾತ್ರೆಗೆ ಬೆಲೆ ಕಟ್ಟುವ ಅಂಕಣವಿಲ್ಲ.

ಟ್ರ್ಯಾಕ್ಟರಿನ ರೈತನೆಲ್ಲ ನಿರಪರಾಧಿ ಎಂದು ಇದರ ಅರ್ಥವಲ್ಲ. ಮಳೆ ಕೈಕೊಟ್ಟ ವರ್ಷ, ಕಂತು ಕಟ್ಟಲು, ರಾತ್ರಿ ನಾಲ್ಕು ಸುತ್ತು ಹೊಡೆಯುವವನು ತನ್ನ ಬಾವಿಯ ನೀರನ್ನು ತಾನೇ ಮಾರುತ್ತಿರುತ್ತಾನೆ. ಅದೇ ಹೊತ್ತಿಗೆ ಸರ್ಕಾರದ ವಸತಿ ಯೋಜನೆಯಲ್ಲಿ ಮನೆ ಮಂಜೂರಾದ ಬಡವನಿಗೆ ಉಸುಕು ಎಲ್ಲಿಂದ ಬರಬೇಕು ಎಂಬ ಪ್ರಶ್ನೆಗೂ ಉತ್ತರ ಬೇಕಲ್ಲ. 2012ರ ಫೆಬ್ರುವರಿಯಲ್ಲಿ ಹರಿಯಾಣದ ದೀಪಕ್ ಕುಮಾರ್ ಪ್ರಕರಣದಲ್ಲಿ, ಐದು ಹೆಕ್ಟೇರಿಗಿಂತ ಚಿಕ್ಕ ಗುತ್ತಿಗೆಗೂ ಪರಿಸರ ಅನುಮೋದನೆ ಬೇಕೆಂದು ಸರ್ವೋಚ್ಚ ನ್ಯಾಯಾಲಯ ಕಡ್ಡಾಯ ಮಾಡಿತು. ಅದು ಅಗತ್ಯವಾಗಿತ್ತು. ಆದರೆ ಕಾನೂನುಬದ್ಧ ಮರಳು ನಿಧಾನವಾದಷ್ಟೂ ರಾತ್ರಿಯ ಮರಳು ಚುರುಕಾಗುತ್ತದೆ. ರಾಜ್ಯದ 2020ರ ಮರಳು ನೀತಿ ಹಳ್ಳ, ತೊರೆಗಳ ಮರಳನ್ನು ಸ್ಥಳೀಯ ಬಳಕೆಗೆಂದು ಗ್ರಾಮ ಪಂಚಾಯಿತಿಗಳ ಹೊಣೆಗೆ ಕೊಟ್ಟಿತು. ಹೊಣೆ ಕೊಟ್ಟರೆ ಸಾಲದು. ಹಳ್ಳದಲ್ಲಿ ಎಷ್ಟು ಮರಳು ಬಂತು, ಎಷ್ಟು ತೆಗೆಯಬಹುದು ಎಂದು ಅಳೆಯಬಲ್ಲವರು ಪಂಚಾಯಿತಿಯಲ್ಲಿ ಬೇಕು. ಗಿರಣಿ ಮರಳು, ಅಂದರೆ ಎಂ-ಸ್ಯಾಂಡ್, ನದಿಯ ಹೊರೆಯನ್ನು ಒಂದಿಷ್ಟು ಇಳಿಸಿದೆ. ಅದಕ್ಕಾಗಿ ಒಡೆಯುವ ಗುಡ್ಡಗಳ ಕಥೆ ಬೇರೆ, ಇಂದು ಅದಕ್ಕೆ ಸಮಯವಿಲ್ಲ. ಜಗತ್ತು ವರ್ಷಕ್ಕೆ 5,000 ಕೋಟಿ ಟನ್ ಮರಳು ಮತ್ತು ಜಲ್ಲಿಯನ್ನು ಬಳಸುತ್ತಿದೆ ಎಂದು ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮದ 2022ರ ವರದಿ ಹೇಳಿತು. ವರದೆಯ ಉಸುಕು ಆ ರಾಶಿಯಲ್ಲಿ ಒಂದು ಬೊಗಸೆ.

ಊರಿನವರಿಂದ ಆಗುವ ಕೆಲಸವೂ ಇದೆ, ಅದು ವಾಹನಕ್ಕೆ ಅಡ್ಡ ಮಲಗುವುದಲ್ಲ. ರಾತ್ರಿ ಟಿಪ್ಪರಿನ ಎದುರು ನಿಂತು ಜೀವ ಕಳೆದುಕೊಂಡವರು ಈ ದೇಶದಲ್ಲಿದ್ದಾರೆ. ವಿದ್ಯಾರ್ಥಿಗಳು ಆ ಸಾಹಸಕ್ಕೆ ಹೋಗಕೂಡದು. ಹಗಲಿನ ಕೆಲಸ ಸಾಕಷ್ಟಿದೆ. ಹೊಸ ನಾಗರಿಕ ಸುರಕ್ಷಾ ಸಂಹಿತೆಯ ಪ್ರಕಾರ ಜಪ್ತಿಯನ್ನು ದೃಶ್ಯ-ಶ್ರವ್ಯ ರೂಪದಲ್ಲಿ ದಾಖಲಿಸಬೇಕು. ನ್ಯಾಯಾಲಯದ ಮುಂದೆ ಹಾಜರುಪಡಿಸಿದ ಸ್ವತ್ತಿನ ವಿವರಪಟ್ಟಿ 14 ದಿನಗಳಲ್ಲಿ ಸಿದ್ಧವಾಗಬೇಕು. ಪಂಚರಾಗಿ ಕರೆದಾಗ ಹೋದವರು ಖಾಲಿ ಹಾಳೆಗೆ ಸಹಿ ಹಾಕದೆ, ಟ್ರೇಲರಿನ ಉದ್ದ, ಅಗಲ, ಮರಳಿನ ಎತ್ತರವನ್ನು ಟೇಪು ಹಿಡಿದು ಬರೆಸಬೇಕು. ಮರಳಿನಿಂದ ನೀರು ಸೋರುತ್ತಿತ್ತೇ, ಗಾಲಿಯ ಗುರುತು ನದಿಯ ಯಾವ ಇಳಿದಾಣದಿಂದ ಬಂದಿದೆ, ಅಲ್ಲಿನ ಗುಂಡಿಯ ಆಳವೆಷ್ಟು ಎಂಬುದನ್ನೂ ಸೇರಿಸಲು ಕೇಳಬೇಕು. ಗುಂಡಿಯ ಮರಳು, ಟ್ರೇಲರಿನ ಮರಳು ಎರಡರ ಮಾದರಿಯನ್ನೂ ಮೊಹರು ಮಾಡಿದರೆ ಕಣದ ಗಾತ್ರ ಮತ್ತು ಬಣ್ಣವನ್ನು ಹೋಲಿಸಿ ನೋಡಬಹುದು. ಪ್ರಕರಣ ಬೀಳುವುದು ಇಂಥ ನಾಲ್ಕು ಸಾಲು ಇಲ್ಲದ್ದರಿಂದ. ಗಣಿ ಮತ್ತು ಭೂವಿಜ್ಞಾನ ಇಲಾಖೆಯ ಅಧಿಕಾರಿಯಿಂದ ನ್ಯಾಯಾಲಯಕ್ಕೆ ಲಿಖಿತ ದೂರು ಹೋಗಿದೆಯೇ ಎಂದು ಮಾಹಿತಿ ಹಕ್ಕಿನ ಹತ್ತು ರೂಪಾಯಿಯ ಅರ್ಜಿಯಲ್ಲಿ ಯಾರು ಬೇಕಾದರೂ ಕೇಳಬಹುದು.

ಇನ್ನೊಂದು ಕೆಲಸ ಶಾಲಾ ಕಾಲೇಜುಗಳದ್ದು. ಕೇಂದ್ರದ ಮಾರ್ಗಸೂಚಿಗಳು ಮೂರು ಮೀಟರು ಅಥವಾ ಅಂತರ್ಜಲದ ಮಟ್ಟ, ಇವೆರಡರಲ್ಲಿ ಯಾವುದು ಕಡಿಮೆಯೋ ಅಲ್ಲಿಗೇ ತೋಡುವುದನ್ನು ನಿಲ್ಲಿಸಬೇಕು ಎನ್ನುತ್ತವೆ. ಮೂರು ಮೀಟರು ಎಲ್ಲಿಂದ? ಹಳೆಯ ತಳ ಎಲ್ಲಿತ್ತೆಂದು ಗೊತ್ತಿದ್ದರೆ ತಾನೆ! ವರದೆ, ಧರ್ಮೆ, ಕುಮುದ್ವತಿಗಳ ಮೇಲಿನ ಒಂದೊಂದು ಸೇತುವೆಯ ಕಂಬಕ್ಕೂ ಮಳೆಗಾಲ ಮುಗಿದ ಮೇಲೆ, ನೀರು ಇಳಿದಾಗ, ತಳದ ಮಟ್ಟದಲ್ಲಿ ಬಣ್ಣದ ಗೆರೆ ಎಳೆದು ದಿನಾಂಕ ಬರೆಯಬೇಕು. ಮರುವರ್ಷ ಅದೇ ವಾರ ಮತ್ತೊಂದು ಗೆರೆ. ಹತ್ತಿರದ ಒಂದು ಬಾವಿಯ ನೀರಿನ ಆಳವನ್ನೂ ಅದೇ ದಿನ ಹಗ್ಗ ಇಳಿಬಿಟ್ಟು ಅಳೆದು, ಗ್ರಾಮಸಭೆಯ ನಡವಳಿ ಪುಸ್ತಕದಲ್ಲಿ ನಮೂದಿಸಿ, ಕಾರ್ಯದರ್ಶಿಯ ಸಹಿ ಪಡೆಯಬೇಕು. ಮುಂದೊಂದು ದಿನ ವಾಹನ ಬಿಡುಗಡೆಯ ಅರ್ಜಿಗೆ ಆಕ್ಷೇಪ ಬರೆಯುವ ಸರ್ಕಾರಿ ವಕೀಲರ ಕೈಗೆ ಆ ಪುಸ್ತಕದ ದೃಢೀಕೃತ ಪ್ರತಿಯನ್ನು ಕೊಡಬಹುದು. ಈ ವರ್ಷದ ಗೆರೆಗೆ ಬೇಕಾದ ಸಾಮಾನು ಒಂದು ಡಬ್ಬಿ ಬಣ್ಣ, ಒಂದು ಕುಂಚ, ಒಂದು ಅಳತೆ ಟೇಪು. ದೀಪಾವಳಿ ಕಳೆದ ಮೇಲೆ, ನದಿಗೆ ಸುರಕ್ಷಿತವಾಗಿ ಇಳಿಯುವಷ್ಟು ನೀರು ತಗ್ಗಿದಾಗ, ಹಿರಿಯರೊಬ್ಬರನ್ನು ಜೊತೆಗೆ ಕರೆದುಕೊಂಡು ಹೋಗಿ ಮೊದಲ ಗೆರೆಯನ್ನು ಎಳೆಯಬಹುದು.